ಬಿಸಿಲು ಎಲ್ಲರಿಗೆ, ಹೊರೆ ಕೆಲವರಿಗೆ

ಬೇಸಿಗೆ ಬಂದೊಡನೆ ನಮ್ಮ ಭಾಗದ ಸರಕಾರಿ ಕಚೇರಿಗಳ ವೇಳೆ ಬದಲಾಗುವುದು ಹೊಸ ಸಂಗತಿಯಲ್ಲ. 2025ರ ಏಪ್ರಿಲ್ ಮತ್ತು ಮೇ ತಿಂಗಳಲ್ಲಿಯೂ ಕೊಪ್ಪಳ ಸೇರಿದಂತೆ ಕಲಬುರಗಿ ವಿಭಾಗದ ಜಿಲ್ಲೆಗಳಲ್ಲಿ ಕಚೇರಿಗಳು ಬೆಳಿಗ್ಗೆ 8 ಗಂಟೆಗೆ ತೆರೆದು ಮಧ್ಯಾಹ್ನ 1.30ಕ್ಕೆ ಮುಚ್ಚಿದವು. ಇದು ವಿವೇಕದ ಕ್ರಮ. ಇದನ್ನು ಆಕ್ಷೇಪಿಸಲು ಕಾರಣವಿಲ್ಲ. ಆದರೆ ಫ್ಯಾನಿನ ಕೆಳಗೆ ಕುಳಿತು ಬರೆಯುವವರಿಗೆ ದೊರೆತ ಈ ವಿನಾಯಿತಿ, ಯಲಬುರ್ಗಾದ ಕೆರೆಯಲ್ಲಿ ಹೂಳೆತ್ತುವ ಹೆಣ್ಣುಮಗಳಿಗೆ, ಕುಷ್ಟಗಿಯಲ್ಲಿ ಕಲ್ಲು ಒಡೆಯುವವನಿಗೆ, ಗಂಗಾವತಿಯ ಅಕ್ಕಿ ಗಿರಣಿಯ ಅಂಗಳದಲ್ಲಿ ಚೀಲ ಹೊರುವ ಹಮಾಲನಿಗೆ ದೊರೆಯಿತೇ?

ಈ ಪ್ರಶ್ನೆಗೆ ನಮ್ಮಲ್ಲಿ ಸಿದ್ಧ ಉತ್ತರವೊಂದಿದೆ: 'ಬಿಸಿಲು ದೇವರು ಕೊಟ್ಟದ್ದು, ಏನು ಮಾಡಲಾದೀತು?' ತತ್ತ್ವಶಾಸ್ತ್ರವು ದುರದೃಷ್ಟವನ್ನೂ ಅನ್ಯಾಯವನ್ನೂ ಬೇರ್ಪಡಿಸಿ ನೋಡಲು ಕಲಿಸುತ್ತದೆ. ಮನುಷ್ಯನ ಕೈವಾಡವಿಲ್ಲದೆ ಬಂದ ಕಷ್ಟ ದುರದೃಷ್ಟ. ಅಲ್ಲಿ ಸಹಾನುಭೂತಿ ಸಾಕು. ಒಬ್ಬರ ಕೃತ್ಯದಿಂದ ಮತ್ತೊಬ್ಬರಿಗೆ ಬಂದ ಕಷ್ಟವಾದರೆ ಅಲ್ಲಿ ಸಹಾನುಭೂತಿ ಸಾಲದು, ನ್ಯಾಯ ಬೇಕು. ಇಂದಿನ ಬಿಸಿಲು ಈ ಎರಡರಲ್ಲಿ ಯಾವುದು ಎಂಬುದೇ ವಿಚಾರಾರ್ಹ.

ವಿಜ್ಞಾನದ ಉತ್ತರ ಸ್ಪಷ್ಟವಾಗಿದೆ. ಕೈಗಾರಿಕಾ ಯುಗಕ್ಕೆ ಮುನ್ನ ಗಾಳಿಯ ಹತ್ತು ಲಕ್ಷ ಭಾಗಗಳಲ್ಲಿ ಸುಮಾರು 280 ಭಾಗದಷ್ಟಿದ್ದ ಇಂಗಾಲದ ಡೈಆಕ್ಸೈಡ್ ಇಂದು 420ನ್ನು ಮೀರಿದೆ. ಕಲ್ಲಿದ್ದಲು, ಪೆಟ್ರೋಲು, ಡೀಸೆಲುಗಳ ದಹನ ಹಾಗೂ ಕಾಡಿನ ನಾಶ ಇದಕ್ಕೆ ಕಾರಣ. ಭೂಮಿಯಿಂದ ಹೊರಹೋಗಬೇಕಾದ ಶಾಖವನ್ನು ಈ ಅನಿಲ ಕಂಬಳಿಯಂತೆ ತಡೆದಿರಿಸುತ್ತದೆ. ವಿಶ್ವ ಹವಾಮಾನ ಸಂಸ್ಥೆಯ ಪ್ರಕಾರ 2024ರಲ್ಲಿ ಭೂಮಿಯ ಸರಾಸರಿ ಉಷ್ಣತೆ ಕೈಗಾರಿಕಾ ಪೂರ್ವಕಾಲಕ್ಕಿಂತ ಸುಮಾರು 1.55 ಡಿಗ್ರಿ ಹೆಚ್ಚಿತ್ತು.

ಒಂದೂವರೆ ಡಿಗ್ರಿ ಎಂದರೆ ಎಷ್ಟು ಮಹಾ ಎಂದು ಕೇಳುವವರುಂಟು. ಸರಾಸರಿ ಸ್ವಲ್ಪ ಏರಿದರೂ ವಿಪರೀತಗಳು ಬಹಳ ಹೆಚ್ಚುತ್ತವೆ ಎಂಬುದೇ ಇಲ್ಲಿನ ಮರ್ಮ. ಹಿಂದೆ 10 ವರ್ಷಕ್ಕೊಮ್ಮೆ ಬರುತ್ತಿದ್ದಂಥ ತೀವ್ರ ತಾಪ, ಭೂಮಿ ಒಂದು ಡಿಗ್ರಿ ಕಾದಾಗ, ಅದೇ ಅವಧಿಯಲ್ಲಿ ಸುಮಾರು 3 ಬಾರಿ ಬರುತ್ತದೆಂದು ವಿಶ್ವಸಂಸ್ಥೆಯ ಹವಾಮಾನ ಸಮಿತಿ 2021ರ ವರದಿಯಲ್ಲಿ ಹೇಳಿದೆ. ಜೊತೆಗೆ, ಗಾಳಿ ಒಂದು ಡಿಗ್ರಿ ಕಾದರೆ ಅದು ಹಿಡಿದಿಡಬಲ್ಲ ತೇವಾಂಶ ಸುಮಾರು ಶೇಕಡಾ 7ರಷ್ಟು ಹೆಚ್ಚುತ್ತದೆ. ಆದುದರಿಂದ ಅದೇ ಗಾಳಿ ಮಳೆಯಿಲ್ಲದ ದಿನಗಳಲ್ಲಿ ಹೊಲದ ಹಸಿಯನ್ನು ಹೀರುತ್ತದೆ, ಮಳೆ ಬಂದಾಗ ಒಮ್ಮೆಲೇ ಸುರಿಸುತ್ತದೆ.

ಈ ಎರಡು ಮುಖಗಳನ್ನೂ ನಮ್ಮ ನಾಡು ಕಂಡಿದೆ. 2009ರಲ್ಲಿ ದೇಶದ ಮುಂಗಾರು ಸರಾಸರಿಗಿಂತ ಸುಮಾರು ಶೇಕಡಾ 22ರಷ್ಟು ಕೊರತೆಯಾಗಿತ್ತು; ಆದರೂ ಸೆಪ್ಟೆಂಬರ್ ಕೊನೆ ಮತ್ತು ಅಕ್ಟೋಬರ್ ಆರಂಭದ ಕೆಲವೇ ದಿನಗಳ ಮಳೆಗೆ ಉತ್ತರ ಕರ್ನಾಟಕದ ಊರೂರುಗಳೇ ಮುಳುಗಿ, 200ಕ್ಕೂ ಹೆಚ್ಚು ಜನ ಮಡಿದರು. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳ ಪೈಕಿ 223 ಬರಪೀಡಿತವೆಂದು ಘೋಷಿತವಾದವು. ತುಂಗಭದ್ರೆಯಲ್ಲಿ ನೀರಿಲ್ಲದೆ ಗಂಗಾವತಿಯ ಭತ್ತದ ಎರಡನೆಯ ಬೆಳೆ ಕೈತಪ್ಪಿತು. ಪ್ರತಿಯೊಂದು ನೆರೆಗೂ ಬರಕ್ಕೂ ಇದೊಂದೇ ಕಾರಣವೆಂದು ಹೇಳುವುದು ತರ್ಕಸಮ್ಮತವಲ್ಲ. ಆದರೆ ದಾಳದ ಒಂದು ಮಗ್ಗುಲಿಗೆ ಸೀಸ ತುಂಬಿದವನು, ಪ್ರತಿಯೊಂದು ಎಸೆತವೂ ತನ್ನದಲ್ಲವೆಂದು ಹೇಳಿ ಹೊಣೆಯಿಂದ ಪಾರಾಗಲಾರ.

ಸೀಸ ತುಂಬಿದವರು ಯಾರು? ಭಾರತೀಯನೊಬ್ಬನ ಸರಾಸರಿ ಇಂಗಾಲದ ಪಾಲು ಜಗತ್ತಿನ ಸರಾಸರಿಯ ಅರ್ಧಕ್ಕೂ ಕಡಿಮೆ. ಹೂಳೆತ್ತುವ ಆ ಹೆಣ್ಣುಮಗಳ ಪಾಲಂತೂ ಇನ್ನೂ ಅಲ್ಪ. ಹೆಚ್ಚು ಉರಿಸಿದವರು ನೆರಳಿನಲ್ಲಿದ್ದಾರೆ, ಏನನ್ನೂ ಉರಿಸದವಳು ಬಿಸಿಲಿನಲ್ಲಿದ್ದಾಳೆ. ಭೂಮಿಯ ಗೋಳನ್ನೂ ಬಡವರ ಗೋಳನ್ನೂ ಬೇರೆಬೇರೆಯಾಗಿ ಕೇಳಲಾಗದೆಂದು ಪೋಪ್ ಫ್ರಾನ್ಸಿಸರು 2015ರ 'ಲೌದಾತೊ ಸಿ' ವಿಶ್ವಪತ್ರದಲ್ಲಿ ತಿಳಿಸಿದ್ದು ಇದೇ ಅರ್ಥದಲ್ಲಿ.

ತಾಪದಿಂದ ದೇಹವನ್ನು ಕಾಯುವುದು ಬೆವರು. ಕುಷ್ಟಗಿ, ಯಲಬುರ್ಗಾಗಳ ಒಣಗಾಳಿಯಲ್ಲಿ ಅದು ಅರಿವಿಗೆ ಬಾರದಂತೆ ಆರಿ, ದೇಹದ ನೀರು, ಉಪ್ಪು ಬರಿದಾಗುತ್ತವೆ. ಗಂಗಾವತಿಯ ನೀರಾವರಿ ಗದ್ದೆಗಳ ಹಸಿಗಾಳಿಯಲ್ಲಿ ಅದು ಬೇಗ ಆರುವುದೇ ಇಲ್ಲ. ಎರಡೂ ಅಪಾಯವೇ. ಆದರೆ ಈ ಸಾವುಗಳನ್ನು ತಡೆಯಬಹುದು. 2010ರ ಮೇ ತಿಂಗಳ ಬಿಸಿಗಾಳಿಗೆ ಅಹಮದಾಬಾದಿನಲ್ಲಿ ವಾಡಿಕೆಗಿಂತ 1,300ಕ್ಕೂ ಹೆಚ್ಚು ಜನ ಸತ್ತರು. 2013ರಲ್ಲಿ ಆ ನಗರವು ಮುನ್ಸೂಚನೆ, ಕುಡಿಯುವ ನೀರು, ಆಸ್ಪತ್ರೆಗಳ ಸಿದ್ಧತೆಗಳನ್ನು ಒಳಗೊಂಡ ಯೋಜನೆಯನ್ನು ಜಾರಿಗೆ ತಂದು ದೇಶಕ್ಕೆ ಮಾದರಿಯಾಯಿತು.

ಕಲ್ಲಿದ್ದಲಿನ ಬಳಕೆ ತಗ್ಗಬೇಕು. ಅದು ಸರಕಾರಗಳ, ಉದ್ಯಮಗಳ ಹೊಣೆ. ನಮ್ಮ ಬಯಲಿನಲ್ಲಿ ತಿರುಗುತ್ತಿರುವ ಗಾಳಿಯಂತ್ರಗಳು ಅದು ಅಸಾಧ್ಯವಲ್ಲವೆಂಬುದಕ್ಕೆ ಸಾಕ್ಷಿ. ಆದರೆ ಅಷ್ಟರವರೆಗೆ ಕಾಯದೆ ನಾವೇ ಮಾಡಬಹುದಾದದ್ದೂ ಉಂಟು. ನಮ್ಮ ಮನೆ ಕಟ್ಟುವ, ಹೊಲ ಹಸನುಮಾಡುವ, ಚರ್ಚಿನ ಆವರಣದಲ್ಲಿ ದುಡಿಯುವ ಆಳುಗಳಿಗೆ ಬೇಸಿಗೆಯಲ್ಲಿ ನಸುಕಿನಲ್ಲೇ ಕೆಲಸ ಕೊಟ್ಟು ಹನ್ನೊಂದಕ್ಕೆ ಬಿಡೋಣ. ಉಳಿದ ಕೆಲಸ ಇಳಿಹೊತ್ತಿಗಿರಲಿ. ನೆರಳೂ ತಣ್ಣನೆಯ ನೀರೂ ಅಲ್ಲಿರಲಿ. ಕೂಲಿಯಲ್ಲಿ ಮಾತ್ರ ಒಂದು ರೂಪಾಯಿಯೂ ಕಡಿತವಾಗದಿರಲಿ. ಏಕೆಂದರೆ ವೇಳೆ ಬದಲಾದುದಕ್ಕೆ ಕಚೇರಿಯ ನೌಕರನ ಸಂಬಳ ಕಡಿತವಾಗುವುದಿಲ್ಲ.

ದ್ರಾಕ್ಷಿತೋಟದ ಕೂಲಿಯಾಳುಗಳ ಸಾಮತಿಯನ್ನು ನಾವು ಎಷ್ಟೋ ಬಾರಿ ಕೇಳಿದ್ದೇವೆ. ಕೊನೆಯ ಗಳಿಗೆಯಲ್ಲಿ ಬಂದವರಿಗೂ ಪೂರ್ತಿ ಕೂಲಿ ಕೊಟ್ಟ ಯಜಮಾನನ ಔದಾರ್ಯ ನಮಗೆ ನೆನಪಿರುತ್ತದೆ. ದಿನವಿಡೀ ಬಿಸಿಲಿನಲ್ಲಿ ಬೆಂದವರ ಬೆನ್ನು ನೆನಪಿರುವುದಿಲ್ಲ. ಈ ಬೇಸಿಗೆಯಲ್ಲಿ ಆ ಬೆನ್ನನ್ನೂ ಕಾಣೋಣ.