ಛಾಯಾಗ್ರಾಹಕನಿಗೆ ಒಂದೇ ಸಾಲು ಸಾಕೆ?

ನಮ್ಮ ಸಿನಿಮಾ ವಿಮರ್ಶೆಗಳಲ್ಲಿ ಛಾಯಾಗ್ರಾಹಕನಿಗೆ ಸಿಗುವುದು ಕೊನೆಯ ಒಂದು ಸಾಲು: 'ಛಾಯಾಗ್ರಹಣ ಕಣ್ಣಿಗೆ ಹಬ್ಬ'. ಮೈಸೂರಿನ ವಿ.ಕೆ. ಮೂರ್ತಿಯವರನ್ನು 'ಗುರುದತ್ ಅವರ ಕ್ಯಾಮೆರಾಮನ್' ಎಂಬ ಪಟ್ಟಕ್ಕೆ ಕಟ್ಟಿಹಾಕಿರುವುದೂ ಇದೇ ಉಪೇಕ್ಷೆ. ಗುರುದತ್ ತೀರಿಕೊಂಡದ್ದು 1964ರಲ್ಲಿ, ಮೂರ್ತಿಯವರು 2014ರಲ್ಲಿ. ನಡುವಿನ ಕೆಲಸವೆಲ್ಲ ಎಲ್ಲಿ ಹೋಯಿತು?

'ಕಾಗಜ್ ಕೆ ಫೂಲ್' (1959) ಚಿತ್ರದ ಆ ಬೆಳಕಿನ ಕೋಲನ್ನೇ ನೋಡಿ. ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಸ್ಟುಡಿಯೋದೊಳಕ್ಕೆ ತಿರುಗಿಸಿ ಅದನ್ನು ಮೂಡಿಸಿದವರು ಮೂರ್ತಿ. ಪ್ರೇಮಿಗಳಿಬ್ಬರ ನಡುವಿನ ದೂರವನ್ನು ಮಾತಿಲ್ಲದೆ ಹೇಳುವುದು ಆ ಬೆಳಕು. ಇದನ್ನು ಕಥನವೆನ್ನದೆ ಅಲಂಕಾರವೆಂದರೆ ಹೇಗೆ? ಇದರ ಕರ್ತೃತ್ವ ನಿರ್ದೇಶಕನೊಬ್ಬನದೇ ಎನ್ನುವುದು ಯಾವ ನ್ಯಾಯ?

ಟೀವಿಯ ವಿಷಯದಲ್ಲಂತೂ ನಮ್ಮದು ಪೂರ್ತಿ ಮೌನ. ತಮ್ಮ ಹಳೆಯ ಸಹಾಯಕ ಗೋವಿಂದ ನಿಹಲಾನಿ ನಿರ್ದೇಶಿಸಿದ 'ತಮಸ್', ಶ್ಯಾಮ್ ಬೆನೆಗಲ್ ಅವರ 53 ಕಂತುಗಳ 'ಭಾರತ್ ಏಕ್ ಖೋಜ್' ಎರಡಕ್ಕೂ ಅವರು ಕ್ಯಾಮೆರಾ ಹಿಡಿದರು. ದೇಶವಿಭಜನೆಯನ್ನೂ ಭಾರತದ ಚರಿತ್ರೆಯನ್ನೂ ಮನೆಮನೆಯ ಸಣ್ಣ ಪರದೆಗೆ ತಂದ ಈ ದುಡಿಮೆ ಕಿರುತೆರೆಯದೆಂಬ ಕಾರಣಕ್ಕೇ ಕಿರಿದಾಗಿಬಿಟ್ಟಿತೆ?

ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಛಾಯಾಗ್ರಾಹಕ ನಮ್ಮವರೆಂದು ಬೀಗುವುದು ಸುಲಭ. ಸಿನಿಮಾವನ್ನು ಕಥೆ, ಸಂಭಾಷಣೆಗಳಲ್ಲೇ ಓದಿ ಮುಗಿಸುವ ನಾವು ಇನ್ನಾದರೂ ಬೆಳಕನ್ನು ಓದುವುದನ್ನು ಕಲಿಯಬೇಕು.