ನೀಲಗಂಗವ್ವ ಎಂಬ ಹೆಸರಿನ ಅರ್ಥ

ನಮ್ಮೂರು ಸಾಂಬ್ರಾಣಿ ಎಂದು ಹೇಳಿದೊಡನೆ ಹೊರಗಿನವರ ಮುಖದಲ್ಲಿ ಒಂದು ಸಣ್ಣ ನಗೆ ಮೂಡುವುದನ್ನು ನಾನು ಬಾಲ್ಯದಿಂದಲೂ ಕಂಡಿದ್ದೇನೆ. ಸಾಂಬ್ರಾಣಿ ಎಂದರೆ ದೇವರ ಮುಂದೆ ಕೆಂಡದ ಮೇಲೆ ಹಾಕುವ ಧೂಪ. ಆದರೆ ಆಡುಮಾತಿನಲ್ಲಿ ಚುರುಕಿಲ್ಲದವನಿಗೂ ಸಾಂಬ್ರಾಣಿ ಎನ್ನುವುದುಂಟು. ನಾನು ಧಾರವಾಡದಲ್ಲಿ ಬಿ.ಇಡಿ. ಓದುತ್ತಿದ್ದಾಗ ಸಹಪಾಠಿಗಳು ನನ್ನನ್ನು "ಸಾಂಬ್ರಾಣಿಯಿಂದ ಬಂದ ಸಾಂಬ್ರಾಣಿ" ಎಂದು ಪರಿಚಯಿಸಿ ನಗುತ್ತಿದ್ದರು. ನಾನೂ ನಗುತ್ತಿದ್ದೆನಾದರೂ ಒಳಗೆ ಸ್ವಲ್ಪ ಚುಚ್ಚುತ್ತಿತ್ತು. ಹೆಸರಿನಿಂದಾಗಿ ನಗೆಗೀಡಾಗುವುದೆಂದರೆ ಏನೆಂದು ಬಲ್ಲವನಾಗಿದ್ದರೂ, ಮುಂದೆ ಮೇಷ್ಟರಾದ ಮೇಲೆ ಅಂಥದೇ ಪ್ರಸಂಗವೊಂದರಲ್ಲಿ ನಾನು ಎಡವಿದೆ. ಅದನ್ನು ಹೇಳಿಕೊಳ್ಳುವುದಕ್ಕಾಗಿಯೇ ಈ ಲೇಖನ.

1989ರ ಸುಮಾರಿನ ಮಾತು. ನಾನು ತಾಲೂಕಿನ ಒಂದು ಪ್ರೌಢಶಾಲೆಯಲ್ಲಿ ಕನ್ನಡ ಕಲಿಸುತ್ತಿದ್ದೆ. ಹತ್ತನೆಯ ತರಗತಿಯಲ್ಲಿ ನೀಲಗಂಗವ್ವ ಎಂಬ ಹುಡುಗಿಯಿದ್ದಳು. ಕವಿತಾ, ಸುನೀತಾ, ರೇಖಾ ಎಂಬ ಹೆಸರುಗಳ ನಡುವೆ ಹಾಜರಿ ಕೂಗುವಾಗ ಅವಳ ಹೆಸರು ಬಂದೊಡನೆ ಹಿಂದಿನ ಬೆಂಚುಗಳಲ್ಲಿ ಕಿಸಕ್ಕೆಂದು ನಗು ಕೇಳಿಸುತ್ತಿತ್ತು. ಎಸ್.ಎಸ್.ಎಲ್.ಸಿ. ಪರೀಕ್ಷೆಯ ಅರ್ಜಿ ತುಂಬುವ ದಿನ ಅವಳು ನನ್ನ ಮೇಜಿನ ಬಳಿ ಬಂದು ತಗ್ಗಿದ ದನಿಯಲ್ಲಿ, "ಸರ್, ಹೆಸರಿನಾಗಿನ ಅವ್ವ ಅನ್ನೂದು ತಗೀರಿ, ಎಲ್ಲಾರೂ ಮುದುಕಿ ಅಂತಾರ" ಎಂದಳು. ತಂದೆಯಿಂದ ಅರ್ಜಿಯನ್ನೂ ಬರೆಯಿಸಿ ತಂದಿದ್ದಳು. ನನಗೆ ಕನಿಕರವೆನಿಸಿತು. ಆಗಿನ್ನೂ ಮೂವತ್ತು ತುಂಬದ ವಯಸ್ಸು, ಹೊಸತನದ ಅಭಿಮಾನ. ಬರೆಯುವುದೇ ಆದರೆ ಚೆಂದಾಗಿ ಬರೆಯೋಣವೆಂದು ಅಚ್ಚುಕಟ್ಟಾದ ಅಕ್ಷರಗಳಲ್ಲಿ "ನೀಲಾ" ಎಂದು ಬರೆದೆ. ಅವಳು ಕೇಳಿದ್ದು ಅವ್ವನನ್ನು ತೆಗೆಯಲಿಕ್ಕೆ. ನಾನು ಗಂಗೆಯನ್ನೂ ತೆಗೆದಿದ್ದೆ. ಅವಳು ಮರುಮಾತಾಡಲಿಲ್ಲ. ಮಾಸ್ತರರು ಬರೆದದ್ದು ಸರಿಯೇ ಇರಬೇಕೆಂದು ನಂಬುತ್ತಿದ್ದ ಕಾಲವದು.

ಕಳೆದ ವರ್ಷ ಒಂದು ಸಂಜೆ ಐವತ್ತರ ಆಸುಪಾಸಿನ ಹೆಂಗಸೊಬ್ಬರು ಮನೆಗೆ ಬಂದು ನಮಸ್ಕರಿಸಿ, "ನಾನ್ರಿ ಸರ್, ನೀಲಗಂಗಾ" ಎಂದರು. ಗುರುತು ಹತ್ತಲು ತುಸು ಹೊತ್ತು ಬೇಕಾಯಿತು. ಈಗ ಅವಳು ಅಜ್ಜಿ. ಮಗಳಿಗೆ ಹೆಣ್ಣುಮಗು ಹುಟ್ಟಿದೆ. ತೊಟ್ಟಿಲಿಗೆ ಹಾಕುವ ದಿನ ಹತ್ತಿರ ಬಂದಿದೆ. ಮಗಳು ಮತ್ತು ಅಳಿಯ ಕೂಡಿ, ಅಪ್ಪನ ಹೆಸರಿನಿಂದ "ದರ್" ತೆಗೆದು, ತಾಯಿಯ ಹೆಸರಿನಿಂದ "ವಿ" ತೆಗೆದು, "ದರ್ವಿ" ಎಂಬ ಹೆಸರನ್ನು ಕಟ್ಟಿದ್ದಾರೆ. ಅಜ್ಜಿಗೆ ತನ್ನ ಹೆಸರು ಮೊಮ್ಮಗಳಿಗೆ ಸಲ್ಲಲಿ ಎಂಬ ಆಸೆ. "ಅರ್ಥ ಹೇಳು, ಚಲೋ ಇದ್ರ ಇಡೂಣು ಅಂತಾಳ್ರಿ ಮಗಳು. ನನಗ ಏನ್ ಹೇಳಬೇಕು ತಿಳೀಲಿಲ್ಲ. ನೀಲಗಂಗಾ ಅಂದ್ರ ಏನ್ರಿ ಸರ್?"

ಓದುಗರೇ, ನಾನು ಒಂದು ಕ್ಷಣ ಮೂಕನಾದೆ. ಮೂರು ವರ್ಷ ಅವಳನ್ನು ಮುಂದಿನ ಬೆಂಚಿನಲ್ಲಿ ಕೂರಿಸಿಕೊಂಡು ಸಂಧಿ ಸಮಾಸಗಳನ್ನು ಬೋಧಿಸಿದ್ದೆ. ಹೆಮ್ಮರ, ಮುಂಗೈ, ಗಿಡಮರಗಳನ್ನು ನೂರು ಸಲ ಬಿಡಿಸಿದ್ದೆ. ಎದುರಿಗೇ ಕುಳಿತಿದ್ದ ಹುಡುಗಿಯ ಹೆಸರನ್ನು ಒಂದು ಸಲವೂ ಬಿಡಿಸಿರಲಿಲ್ಲ. ಅಂದು ಬಿಡಿಸಿದ್ದರೆ ಹಿಂದಿನ ಬೆಂಚಿನ ನಗೆ ಅಡಗುತ್ತಿತ್ತೋ ಏನೋ!

ಈಗ ತಡವಾಗಿಯಾದರೂ ಬಿಡಿಸುತ್ತೇನೆ. ನೀಲಗಂಗಾ ಎಂಬುದನ್ನು ಕರ್ಮಧಾರಯ ಸಮಾಸವೆಂದು ಹಿಡಿದರೆ "ನೀಲವಾದ ಗಂಗೆ" ಎಂದಾಗುತ್ತದೆ. ಕೇಳಲು ಇಂಪಾಗಿದೆ. ಆದರೆ ನಮ್ಮ ಕವಿಸಮಯದಲ್ಲಿ ಗಂಗೆ ಬೆಳ್ಳಗಿನವಳು. ಕಪ್ಪು, ನೀಲಿ ಬಣ್ಣಗಳು ಯಮುನೆಗೆ ಸಲ್ಲುತ್ತವೆ. ಪ್ರಯಾಗದ ವರ್ಣನೆಯಲ್ಲೆಲ್ಲ ಬಿಳಿಯ ನೀರು ಕರಿಯ ನೀರನ್ನು ಕೂಡುವ ಚಿತ್ರವೇ ಇದೆ. ಶಿವನನ್ನು ನೆನೆದು ಇಟ್ಟ ಹೆಸರು ಎನ್ನಲೂಬಹುದು: ಅವನು ನೀಲಕಂಠನೂ ಹೌದು, ಗಂಗಾಧರನೂ ಹೌದು. ಮೂರನೆಯದು ದ್ವಂದ್ವ ಸಮಾಸ: ನೀಲೆಯೂ ಗಂಗೆಯೂ. ಯಾರು ಈ ನೀಲೆ, ಯಾರು ಈ ಗಂಗೆ ಎಂದು ನಮ್ಮ ಸೀಮೆಯ ಶರಣರ ಮನೆತನಗಳಲ್ಲಿ ಕೇಳಿದರೆ ಸಿಗುವ ಉತ್ತರ ಒಂದೇ. ಹನ್ನೆರಡನೆಯ ಶತಮಾನದ ಬಸವಣ್ಣನವರ ಮಡದಿಯರಾದ ನೀಲಾಂಬಿಕೆ ಮತ್ತು ಗಂಗಾಂಬಿಕೆ. ನನ್ನ ಒಲವು ಈ ಮೂರನೆಯ ಅರ್ಥದ ಕಡೆಗೇ.

ಇವರಿಬ್ಬರೂ ಬರಿಯ ಮಡದಿಯರಲ್ಲ, ವಚನಕಾರ್ತಿಯರು. ಗಂಗಾಂಬಿಕೆಯ ಅಂಕಿತ "ಗಂಗಾಪ್ರಿಯ ಕೂಡಲಸಂಗ", ನೀಲಾಂಬಿಕೆಯದು "ಸಂಗಯ್ಯ". ಕಲ್ಯಾಣದಲ್ಲಿ ಕ್ಷೋಭೆಯುಂಟಾಗಿ ಶರಣರು ಚದುರಿದಾಗ ಚನ್ನಬಸವಣ್ಣನೊಡನೆ ಒಂದು ಗುಂಪು ನಮ್ಮ ಕಾಡುಸೀಮೆಯ ಉಳವಿಗೆ ಬಂದಿತೆಂಬುದು ಪರಂಪರೆಯ ನಂಬಿಕೆ. ಆ ಹಾದಿಯಲ್ಲಿ ಗಂಗಾಂಬಿಕೆ ಐಕ್ಯಳಾದ ಸ್ಥಳವೆಂದು ಮಲಪ್ರಭೆಯ ದಡದ ಎಂ.ಕೆ. ಹುಬ್ಬಳ್ಳಿಯನ್ನು ತೋರಿಸುತ್ತಾರೆ. ನೀಲಾಂಬಿಕೆಯ ಐಕ್ಯಸ್ಥಳ ಕೃಷ್ಣೆಯ ದಡದ ತಂಗಡಗಿ. ಭೂಪಟವನ್ನು ಹರಡಿಕೊಂಡು ನೋಡಿರಿ: ಮಲಪ್ರಭೆ ಹರಿದುಹೋಗಿ ಕೃಷ್ಣೆಯನ್ನು ಸೇರುವುದು ಕೂಡಲಸಂಗಮದಲ್ಲಿ. ಬೇರೆ ಬೇರೆ ಹೊಳೆಗಳ ದಡದಲ್ಲಿ ಉಳಿದ ಇಬ್ಬರು ತಾಯಂದಿರನ್ನು ಯಾರೋ ಒಬ್ಬ ಓದುಬರಹವಿಲ್ಲದ ಅಜ್ಜಿ ಒಂದು ಕೂಸಿನ ಹೆಸರಿನಲ್ಲಿ ಕೂಡಿಸಿದಳಲ್ಲ! ನಮ್ಮ ಜನಪದ ಹಾಡುಗಳಲ್ಲಿ ಶಿವನ ಮಡದಿಯರಾದ ಗಂಗೆ ಗೌರಿಯರು ಸವತಿಯರಾಗಿ ಜಗಳವಾಡುತ್ತಾರೆ. ನೀಲಗಂಗಾ ಎಂಬ ಹೆಸರಿನಲ್ಲಿ ಜಗಳವಿಲ್ಲ. ಕನ್ನಡದಲ್ಲಿ ದ್ವಂದ್ವ ಸಮಾಸಕ್ಕೆ ಬಹುವಚನ ಬರುವುದು ವಾಡಿಕೆ. ಈ ಹೆಸರಿನಲ್ಲಿ ಮಾತ್ರ ಇಬ್ಬರು ಏಕವಚನದಲ್ಲಿ ಬಾಳುತ್ತಾರೆ.

ಇನ್ನು "ಅವ್ವ". ನೀಲಗಂಗಾ ಸಂಸ್ಕೃತ, ಅವ್ವ ಅಚ್ಚಗನ್ನಡ. ಹೀಗೆ ಎರಡು ಭಾಷೆಗಳ ಪದಗಳನ್ನು ಬೆಸೆಯುವುದನ್ನು ಹದಿಮೂರನೆಯ ಶತಮಾನದ ಕೇಶಿರಾಜನು ಶಬ್ದಮಣಿದರ್ಪಣದಲ್ಲಿ ಅರಿಸಮಾಸವೆಂದು ಕರೆದು ದೋಷವೆಂದು ಎಣಿಸಿದ್ದಾನೆ. ಆದರೆ ಬಿರುದುಗಳಲ್ಲಿಯೂ ಹಿಂದಿನ ಕವಿಗಳು ಬಳಸಿದ ಪ್ರಯೋಗಗಳಲ್ಲಿಯೂ ಅದಕ್ಕೆ ವಿನಾಯಿತಿ ಕೊಟ್ಟಿದ್ದಾನೆ. ಆ ವಿನಾಯಿತಿಯನ್ನು ನಮ್ಮ ಅಜ್ಜಿಯರಿಗೂ ವಿಸ್ತರಿಸಬೇಕೆಂದು ನನ್ನ ಅರ್ಜಿ! ಏಕೆಂದರೆ ಗಂಗವ್ವ, ಪಾರ್ವತೆವ್ವ, ಸಾವಿತ್ರೆವ್ವ ಎಲ್ಲರೂ ಅರಿಸಮಾಸಗಳೇ. ತೊಟ್ಟಿಲ ಕೂಸಿಗೆ ಅವ್ವನೆಂದು ಕರೆಯುವುದರಲ್ಲಿ ಮುದಿತನವಿಲ್ಲ, ಗೌರವವಿದೆ. ಹೆಣ್ಣುಮಗು ಹುಟ್ಟಿದೊಡನೆ ತಾಯಿಯ ಸ್ಥಾನದಲ್ಲಿಟ್ಟು ಮಾತಾಡಿಸುವ ರೂಢಿಯದು.

ನಮ್ಮ ಹಳಿಯಾಳ ಸೀಮೆಯಂತೂ ಬೆಸುಗೆಯ ಸೀಮೆಯೇ. 1862ರಿಂದ ಈ ಜಿಲ್ಲೆ ಮುಂಬಯಿ ಪ್ರಾಂತಕ್ಕೆ ಸೇರಿತ್ತು; 1956ರ ನವೆಂಬರ್ 1ರಂದು ಮೈಸೂರು ರಾಜ್ಯಕ್ಕೆ ಬಂದಿತು. ಕನ್ನಡ, ಮರಾಠಿ, ಕೊಂಕಣಿ, ಉರ್ದು ನಾಲ್ಕೂ ಒಂದೇ ಸಂತೆಯಲ್ಲಿ ಕೇಳಿಸುತ್ತವೆ. ಒಬ್ಬರ ಮನೆಯ ಗಂಗವ್ವ ಪಕ್ಕದ ಮನೆಯಲ್ಲಿ ಗಂಗೂಬಾಯಿಯಾಗುತ್ತಾಳೆ. ಅವ್ವ, ಬಾಯಿ, ಬಿ ಮೂರೂ ಹೆಣ್ಣಿಗೆ ತೋರುವ ಮರ್ಯಾದೆಯೇ. ನಮ್ಮ ಭಾಗದ ಸಿದ್ದಿಗಳಲ್ಲಿ ಹಿಂದೂ, ಮುಸ್ಲಿಂ, ಕ್ರೈಸ್ತ ಮೂರು ಮತಗಳವರಿದ್ದಾರೆ. ಪೋರ್ಚುಗೀಸರ ಜೋಸೆ ಅವರಲ್ಲಿ ಜುಜೆಯಾಗಿ ಕಾಡಿನ ಹೆಸರೇ ಆಗಿಬಿಟ್ಟಿದೆ.

ಹೊರಗಿನ ಲೋಕದಲ್ಲಿಯೂ ಹೀಗೆಯೇ. ಫ್ರೆಂಚರ ಗಣರಾಜ್ಯದ ಸಂಕೇತವಾದ ಹೆಣ್ಣಿನ ಹೆಸರು ಮರಿಯಾನ್. ಅದು ಮರಿ ಮತ್ತು ಆನ್ ಕೂಡಿದ ಹೆಸರೆನಿಸಿದೆ. ಕ್ರೈಸ್ತರ ಪರಂಪರೆಯಂತೆ ಆನ್ ತಾಯಿ, ಮರಿಯಾ ಮಗಳು. ರೋಸ್‌ಮೇರಿಯದು ಇನ್ನೂ ಸ್ವಾರಸ್ಯ. ಅದು ಮೂಲತಃ ಒಂದು ಪರಿಮಳದ ಗಿಡ. ಲ್ಯಾಟಿನ್ನಿನಲ್ಲಿ "ಕಡಲ ಇಬ್ಬನಿ" ಎಂಬರ್ಥ ಕೊಡುವ ಮಾತಿನಿಂದ ಬಂದದ್ದು. ಜನರ ಕಿವಿಗೆ ಅದು ರೋಸ್ ಮತ್ತು ಮೇರಿ ಎಂದು ಕೇಳಿಸಿತು. ಹೆಣ್ಣುಮಕ್ಕಳ ಹೆಸರಾಗಿ ನಿಂತಿತು. ನೀಲಗಂಗೆಯಂತೆ ಅದಕ್ಕೂ ಎರಡು ಬಗೆಯ ವಿಗ್ರಹವಾಕ್ಯ!

ಆದಕಾರಣ ಇಂದಿನ ತಂದೆತಾಯಿಗಳು ಎರಡು ಹೆಸರು ಬೆಸೆದು ಒಂದು ಮಾಡುವುದನ್ನು ಕಂಡು "ಕಾಲ ಕೆಟ್ಟಿತು" ಎನ್ನುವ ನನ್ನ ವಯಸ್ಸಿನವರ ಮಾತಿಗೆ ನಾನು ಒಪ್ಪಲಾರೆ. ಬೆಸುಗೆ ಹೊಸತಲ್ಲ. ಗಂಡಹೆಂಡಿರು ತಮ್ಮಿಬ್ಬರನ್ನೂ ಮಗುವಿನಲ್ಲಿ ಕಾಣಬಯಸುವುದು ತಪ್ಪಲ್ಲ. ತಾಯಿಯ ಹೆಸರಿಗೂ ಪಾಲು ಸಿಕ್ಕುವುದು ಸಂತೋಷದ ಸಂಗತಿಯೇ. ನನ್ನ ತಕರಾರು ಬೇರೆ. ಹಳೆಯ ಬೆಸುಗೆಯಲ್ಲಿ ಎರಡು ಪದಗಳೂ ಇಡಿಯಾಗಿ ಉಳಿಯುತ್ತಿದ್ದವು. ಬಿಡಿಸಿದರೆ ಎರಡು ಕಥೆಗಳು ಹೊರಬರುತ್ತಿದ್ದವು. ಹೊಸ ಬೆಸುಗೆಯಲ್ಲಿ ಎರಡು ಚೂರುಗಳು ಸೇರುತ್ತವೆ. ಚೂರಿನ ಕಥೆಯನ್ನು ಮನೆಯವರು ಹೇಳದಿದ್ದರೆ ಮಗುವಿಗೆ ಬೇರಾರೂ ಹೇಳಲಾರರು. ಹೆಸರು ಯಾವುದಾದರೂ ಇರಲಿ, "ಇದರ ಅರ್ಥವೇನು?" ಎಂದು ಕೇಳಿದಾಗ ಮಗು ತಲೆಯೆತ್ತಿ ಉತ್ತರಿಸುವಂತಿರಬೇಕು. ಆ ಉತ್ತರವನ್ನು ಕಲಿಸುವುದು ಹೆಸರಿಟ್ಟವರ ಹೊಣೆ. ನೀಲಗಂಗವ್ವನ ಮನೆಯವರೂ ಕಲಿಸಲಿಲ್ಲ. ಕಲಿಸಬೇಕಾಗಿದ್ದ ಕನ್ನಡ ಮೇಷ್ಟರೂ ಕಲಿಸಲಿಲ್ಲ. ಹಳೆಯ ಹೆಸರು ಸತ್ತದ್ದು ಹೊಸ ಹೆಸರುಗಳಿಂದಲ್ಲ, ನಮ್ಮ ಮೌನದಿಂದ.

ಬರೆಯುವವರ ಕೈಯಲ್ಲಿ ಹೆಸರು ಹೇಗೆ ಬದಲಾಗುತ್ತದೆ ಎಂಬುದಕ್ಕೆ ದೊಡ್ಡ ನಿದರ್ಶನ ನಮ್ಮ ನೆರೆಯ ಧಾರವಾಡದಲ್ಲಿಯೇ ಇದೆ. 1913ರಲ್ಲಿ ಹುಟ್ಟಿದ ಗಂಗೂಬಾಯಿ ಹಾನಗಲ್ ಅವರ ಹುಟ್ಟುಹೆಸರು ಗಾಂಧಾರಿ. ಧ್ವನಿಮುದ್ರಣ ಮಾಡಿದವರು ಆಗ ಹೆಚ್ಚು ರೂಢಿಯಲ್ಲಿದ್ದ ಗಂಗೂಬಾಯಿ ಎಂಬ ಹೆಸರನ್ನು ಕೊಟ್ಟರು. ಅವರು ಅದನ್ನೇ ನಾಡಿನ ಹೆಮ್ಮೆಯ ಹೆಸರಾಗಿಸಿದರು. 2009ರಲ್ಲಿ ತೀರಿಕೊಂಡಾಗ ಇಡೀ ದೇಶ ಆ ಹೆಸರನ್ನೇ ನೆನೆಯಿತು. ಅಂಥ ಕಂಠ ಎಲ್ಲರಿಗೂ ಇರುವುದಿಲ್ಲ. ನನ್ನ ಶಿಷ್ಯೆಗೆ ನಾನು ಬರೆದ ಹೆಸರು ತಂದದ್ದು ಅಲೆದಾಟವನ್ನು ಮಾತ್ರ. ಅಂಕಪಟ್ಟಿಯಲ್ಲಿ ನೀಲಾ, ಪಡಿತರ ಚೀಟಿಯಲ್ಲಿ ನೀಲಗಂಗವ್ವ, ಆಧಾರ್ ಕಾರ್ಡಿನಲ್ಲಿ ನೀಲಗಂಗಾ. 2023ರಲ್ಲಿ ಗೃಹಲಕ್ಷ್ಮಿಯ ತಿಂಗಳ 2,000 ರೂಪಾಯಿಗೆ ಅರ್ಜಿ ಹಾಕುವಾಗ, ತವರಿನ ಹೊಲದ ವಾರಸಾ ಮಾಡಿಸುವಾಗ, ಮೂವರೂ ತಾನೊಬ್ಬಳೇ ಎಂದು ಅವಳು ಪ್ರಮಾಣಪತ್ರ ಬರೆಸಬೇಕಾಯಿತಂತೆ. ಇದನ್ನು ಅವಳು ನಗುತ್ತಲೇ ಹೇಳಿದಳು. ನನಗೆ ನಗು ಬರಲಿಲ್ಲ.

ಆದ್ದರಿಂದ ಹೆಸರಿಡುವವರಿಗೆ ಒಂದು ಕಿವಿಮಾತು. 2023ರ ಅಕ್ಟೋಬರ್ 1ರಿಂದೀಚೆಗೆ ಹುಟ್ಟಿದವರಿಗೆ ಶಾಲೆಯ ಸೇರ್ಪಡೆಯಿಂದ ಹಿಡಿದು ಮತದಾರರ ಪಟ್ಟಿಯವರೆಗೆ ಜನನ ಪ್ರಮಾಣಪತ್ರವೇ ಆಧಾರ. ಜನನವನ್ನು ಮೊದಲು ನೋಂದಾಯಿಸಿ, ಹೆಸರನ್ನು ಒಂದು ವರ್ಷದೊಳಗೆ ಶುಲ್ಕವಿಲ್ಲದೆ ಸೇರಿಸಲು ಅವಕಾಶವಿದೆ. ಅವಸರ ಬೇಡ. ಮನೆಯ ಹಿರಿಯರನ್ನು ಕೇಳಿರಿ, ಅರ್ಥವನ್ನು ವಿಚಾರಿಸಿರಿ. ಒಮ್ಮೆ ಬರೆಸಿದ ಮೇಲೆ ಎಲ್ಲ ಕಡೆಯೂ ಅದನ್ನೇ ಬರೆಸಿರಿ.

"ದರ್ವಿ"ಯ ಮಾತು ಉಳಿಯಿತು. ಸಂಸ್ಕೃತದಲ್ಲಿ ದರ್ವಿ ಎಂದರೆ ಸೌಟು. ಆ ಸಂಜೆ ಇದನ್ನು ಹೇಳಿದಾಗ ನೀಲಗಂಗವ್ವ ಸೆರಗನ್ನು ಬಾಯಿಗಿಟ್ಟುಕೊಂಡು ನಕ್ಕಳು. ಆದರೆ ಒಮ್ಮೆ ಪಾಠ ಕಲಿತವನು ನಾನು. ಇನ್ನೊಂದು ಮಗುವಿನ ಹೆಸರು ನಗೆಗೀಡಾಗಲು ಬಿಡುವಂತಿರಲಿಲ್ಲ. ಅನ್ನಪೂರ್ಣೆಯ ಕೈಯಲ್ಲಿರುವುದೂ ದರ್ವಿಯೇ ತಾಯಿ, ಹಸಿದವರಿಗೆ ಬಡಿಸುವ ಸೌಟು ಅದು ಎಂದೆ. ಬಳಿಕ ನೀಲಾಂಬಿಕೆ, ಗಂಗಾಂಬಿಕೆಯರ ಕಥೆಯನ್ನೂ ಎರಡು ಹೊಳೆಗಳ ಸಂಗತಿಯನ್ನೂ ಒಂದು ಹಾಳೆಯಲ್ಲಿ ದಪ್ಪ ಅಕ್ಷರಗಳಲ್ಲಿ ಬರೆದುಕೊಟ್ಟೆ. ಮೇಲ್ಗಡೆ ಹೆಸರನ್ನು ಪೂರ್ತಿಯಾಗಿ ಬರೆದೆ: ನೀಲಗಂಗವ್ವ.

ತೊಟ್ಟಿಲ ಕಾರ್ಯಕ್ಕೆ ನನ್ನನ್ನೂ ಕರೆದಿದ್ದರು. ಮಗುವಿನ ತಾಯಿ ಆ ಹಾಳೆಯನ್ನು ನೆರೆದವರೆದುರು ತಾನೇ ಓದಿದಳು. ಸೋದರತ್ತೆ ಬಗ್ಗಿ ಕೂಸಿನ ಕಿವಿಯಲ್ಲಿ ಕುರ್ರೆಂದು ಎರಡು ಹೆಸರನ್ನೂ ಹೇಳಿದಳು. ಹಿಂದಿನಿಂದ ಹೆಂಗಸರು ಅವಳ ಬೆನ್ನಿಗೆ ಗುದ್ದಿ ನಕ್ಕರು. ಪ್ರಮಾಣಪತ್ರಕ್ಕೆ ದರ್ವಿ, ಮನೆಯಲ್ಲಿ ಕರೆಯಲು ನೀಲಗಂಗಾ ಎಂದು ತೀರ್ಮಾನವಾಯಿತಂತೆ. ನನಗೆ ಅಷ್ಟೇ ಸಾಕು. ಆ ಮಗು ಶಾಲೆಗೆ ಹೋದಾಗ ಎರಡು ಹೆಸರಿನ ಅರ್ಥವನ್ನೂ ಅವಳೇ ಹೇಳಬಲ್ಲಳು.

ನಿಮ್ಮ ಮನೆಯಲ್ಲಿಯೂ ಇಂಥ ಹಳೆಯ ಹೆಸರಿನ ಅಜ್ಜಿಯರು ಇರಬಹುದು. ಅವರು ಇರುವಾಗಲೇ ಕೇಳಿ ಬರೆದಿಟ್ಟುಕೊಳ್ಳಿರಿ. ನನ್ನಂತೆ ಮೂವತ್ತೈದು ವರ್ಷ ತಡಮಾಡಬೇಡಿರಿ.