ಅಂಗಳದ ಬಟ್ಟಲಲ್ಲಿ ತಾವರೆ

ನಮ್ಮ ಕಾವ್ಯಗಳಲ್ಲಿ ತಾವರೆಯಿಲ್ಲದ ಕೊಳವನ್ನು ಕಾಣುವುದು ಅಪರೂಪ. ಆದರೆ ನಮ್ಮ ಊರ ಮಕ್ಕಳಲ್ಲಿ ಅರಳಿದ ತಾವರೆಯನ್ನು ಕಣ್ಣಾರೆ ಕಂಡವರೆಷ್ಟು ಮಂದಿ? ತರಗತಿಯಲ್ಲಿ ಕೇಳಿದರೆ ಹಲವರು ನೈದಿಲೆಯನ್ನೇ ತಾವರೆಯೆನ್ನುತ್ತಾರೆ. ದೋಷ ಮಕ್ಕಳದ್ದಲ್ಲ. ಕೆರೆ, ಮದಕ, ಬೈಲುಗಳು ಮಣ್ಣು ತುಂಬಿ ಮನೆಯ ನಿವೇಶನಗಳಾಗುತ್ತಿರುವ ಕಾಲವಿದು. ಗದ್ದೆ ಮತ್ತು ಜೌಗುನೆಲಗಳ ರಕ್ಷಣೆಗಾಗಿ ಕೇರಳದಲ್ಲಿ 2008ರಲ್ಲಿ ಕಾಯಿದೆಯೇನೋ ಬಂದಿತು. ಆದರೆ ಕಾಯಿದೆಯು ಮಕ್ಕಳಿಗೆ ಹೂವಿನ ಪರಿಚಯ ಮಾಡಿಕೊಡಲಾರದು. ಆ ಕೆಲಸವನ್ನು ಮನೆಯ ಅಂಗಳವೇ ಮಾಡಬೇಕಾಗಿದೆ.

ಮೊದಲು ಭೇದವನ್ನು ತಿಳಿಯೋಣ. ನೈದಿಲೆಯ ಎಲೆ ನೀರಿನ ಮೇಲೆ ತೇಲುತ್ತದೆ. ಅದರ ಅಂಚಿನಿಂದ ತೊಟ್ಟಿನವರೆಗೆ ಒಂದು ಸೀಳುಂಟು. ತಾವರೆಯ ಎಲೆಗೆ ಸೀಳಿಲ್ಲ. ಮೊದಲ ಕೆಲವು ಎಲೆಗಳು ತೇಲಿದರೂ ಬಳಿಕ ಬರುವವು ಕೊಡೆಯಂತೆ ನೀರಿನಿಂದ ಮೇಲೇಳುತ್ತವೆ.

ದೊಡ್ಡ ಜಾತಿಯ ತಾವರೆಗೆ ಕೆರೆಯೇ ಬೇಕು. ಆದರೆ ಬಟ್ಟಲಿನಲ್ಲಿಯೇ ಬೆಳೆದು ಹೂಬಿಡುವ ಕುಬ್ಜ ತಳಿಗಳೂ ಉಂಟು. ಇವುಗಳ ಗೆಡ್ಡೆಗಳು ಈಗ ಸಸ್ಯಮಾರಾಟಗಾರರಲ್ಲಿ ದೊರೆಯುತ್ತವೆ. ದೊಡ್ಡ ಜಾತಿಯ ಬೀಜವನ್ನು ಸಣ್ಣ ಪಾತ್ರೆಯಲ್ಲಿ ಬಿತ್ತಿದ ಮಾತ್ರಕ್ಕೆ ಅದು ಕುಬ್ಜ ತಳಿಯಾಗದೆಂಬುದನ್ನು ನೆನಪಿಡತಕ್ಕದ್ದು.

ತಾವರೆಗೆ ನೀರಜವೆಂಬ ಹೆಸರಿದ್ದರೂ ಬೆಳೆಸುವವನಿಗೆ ಪಂಕಜವೆಂಬ ಹೆಸರೇ ಹೆಚ್ಚು ಉಪಕಾರಿ. ಪಂಕವೆಂದರೆ ಕೆಸರು, ಗಿಡದ ಆಹಾರವಿರುವುದು ಅಲ್ಲಿಯೇ. ಒಂದು ಅಡಿ ಅಗಲದ, ಸುಮಾರು ಮುಕ್ಕಾಲು ಅಡಿ ಆಳದ, ತಳದಲ್ಲಿ ತೂತಿಲ್ಲದ ದುಂಡನೆಯ ಪಾತ್ರೆಯನ್ನು ಆರಿಸಬೇಕು. ಮೂಲೆಗಳಿದ್ದರೆ ಹರಿದುಹೋಗುವ ಗೆಡ್ಡೆಯ ಕುಡಿ ಅಲ್ಲಿ ಸಿಕ್ಕಿಬೀಳುತ್ತದೆ. ನಮ್ಮ ಗುಡ್ಡದ ಮುರಮಣ್ಣು ಇದಕ್ಕೆ ಒಗ್ಗದು. ಗದ್ದೆಯ ಜೇಡಿಮಣ್ಣನ್ನು ಅರ್ಧ ಪಾತ್ರೆಯಷ್ಟು ತುಂಬಿ, ಅಡಿಯಲ್ಲಿ ಮಾತ್ರ ಒಂದು ಹಿಡಿ ಚೆನ್ನಾಗಿ ಕಳಿತ ಸೆಗಣಿ ಗೊಬ್ಬರವನ್ನಿಡಬೇಕು. ಗೆಡ್ಡೆಯನ್ನು ಅಡ್ಡವಾಗಿ ಮಲಗಿಸಿ, ಕುಡಿಯನ್ನು ತುಸು ಮೇಲಕ್ಕಿರಿಸಿ, ಮೂರು ನಾಲ್ಕು ಬೆರಳಿನಷ್ಟು ನೀರು ನಿಲ್ಲಿಸಿದರೆ ಸಾಕು. ಹೊಳೆಬಾಯಿಗೆ ಸಮೀಪದ ಬಾವಿಗಳಲ್ಲಿ ಬೇಸಗೆಯಲ್ಲಿ ಉಪ್ಪಿನಂಶ ತೋರಿದರೆ ಆ ನೀರನ್ನು ಹೊಯ್ಯಬಾರದು.

ದಿನಕ್ಕೆ ಆರು ತಾಸಿನ ಬಿಸಿಲು ಬೇಕು. ತೆಂಗಿನ ನೆರಳಿನಲ್ಲಿ ಎಲೆಯಷ್ಟೇ ಬಂದೀತು. ಬಾಡಿದ ಎಲೆಯನ್ನು ನೀರಿನಿಂದ ಮೇಲಕ್ಕೇ ಕತ್ತರಿಸಬೇಕು. ಅದರ ದಂಟು ಟೊಳ್ಳು. ಗೆಡ್ಡೆಗೆ ಗಾಳಿ ತಲಪುವುದು ಆ ದಾರಿಯಿಂದಲೇ. ನೀರಿನ ಕೆಳಗೆ ಕತ್ತರಿಸಿದರೆ ನೀರು ಒಳನುಗ್ಗಿ ಗೆಡ್ಡೆ ಕೊಳೆಯಬಹುದು. ಹೂವು ಬೆಳಿಗ್ಗೆ ಅರಳಿ ಬಿಸಿಲೇರಿದಂತೆ ಮುಚ್ಚಿಕೊಳ್ಳುತ್ತದೆ. ಮೂರು ನಾಲ್ಕು ದಿನಗಳಲ್ಲಿ ಎಸಳುಗಳು ಉದುರುತ್ತವೆ.

ಈಗ ಮುಖ್ಯವಾದ ಎಚ್ಚರಿಕೆ. ಡೆಂಗಿಯನ್ನು ಹರಡುವ ಸೊಳ್ಳೆ ಮೊಟ್ಟೆಯಿಡುವುದು ಮನೆಯ ಸುತ್ತಲಿನ ಪಾತ್ರೆಗಳಲ್ಲಿ ನಿಂತ ನೀರಿನಲ್ಲಿಯೇ. ಒಂದೆರಡು ವಾರದೊಳಗೆ ಮರಿ ಸೊಳ್ಳೆಯಾಗಿ ಹಾರುತ್ತದೆ. ನಮ್ಮ ಅಂಗಳದ ಶೋಭೆಯು ನೆರೆಮನೆಯ ಮಗುವಿನ ಜ್ವರಕ್ಕೆ ಕಾರಣವಾಗಕೂಡದು. ಆದುದರಿಂದ ಬಟ್ಟಲಿನಲ್ಲಿ ಸೊಳ್ಳೆಮರಿಗಳನ್ನು ತಿನ್ನುವ ಎರಡು ಮೂರು ಗಪ್ಪಿ ಮೀನುಗಳಿರಲೇಬೇಕು. ಮಳೆಗಾಲದಲ್ಲಿ ನೀರು ಉಕ್ಕಿ ಮೀನು ಹೊರಬೀಳದಂತೆ ಬಾಯಿಗೆ ಬಲೆ ಕಟ್ಟಬಹುದು. ಹೆಚ್ಚಾದ ಮೀನುಗಳನ್ನು ತೋಡಿಗಾಗಲಿ ಹೊಳೆಗಾಗಲಿ ಬಿಡತಕ್ಕದ್ದಲ್ಲ. ಅವು ಅಲ್ಲಿನ ನಾಡಮೀನುಗಳಿಗೆ ಕಂಟಕವಾಗುತ್ತವೆ. ಅಂಬೆಗಾಲಿಕ್ಕುವ ಮಕ್ಕಳಿರುವ ಮನೆಯಲ್ಲಿ ಬಟ್ಟಲನ್ನು ಎತ್ತರದ ಕಟ್ಟೆಯ ಮೇಲಿಡುವುದು ಕ್ಷೇಮ.

ತಾವರೆಯ ಬೀಜದ ಸಹನೆ ಬೆರಗು ಹುಟ್ಟಿಸುವಂಥದ್ದು. 1951ರಲ್ಲಿ ಜಪಾನಿನ ಚಿಬಾ ಎಂಬಲ್ಲಿ ಸಸ್ಯವಿಜ್ಞಾನಿ ಓಗಾ ಇಚಿರೊ ಅವರು ನೆಲದಾಳದಿಂದ ಸುಮಾರು 2000 ವರ್ಷ ಹಳೆಯವೆಂದು ಎಣಿಸಲಾದ ಬೀಜಗಳನ್ನು ತೆಗೆಯಿಸಿದರು. ಅವುಗಳಲ್ಲೊಂದು ಮೊಳೆತು 1952ರಲ್ಲಿ ಹೂಬಿಟ್ಟಿತು. ಕಲ್ಲಿನಂತಹ ಸಿಪ್ಪೆಯೊಳಗೆ ಜೀವ ಅಷ್ಟು ಕಾಲ ಕಾದಿತ್ತು.

ಗಡಿನಾಡಿನ ನಮಗೆ ನುಡಿಯನ್ನು ಉಳಿಸಿಕೊಳ್ಳುವ ಚಿಂತೆ ಎಂದೂ ತಪ್ಪಿದ್ದಲ್ಲ. ಆದರೆ ನುಡಿಗೆ ತಾವರೆಬೀಜದಷ್ಟು ಸಹನೆಯಿಲ್ಲ. ಒಂದೆರಡು ತಲೆಮಾರು ಬಳಸದಿದ್ದರೆ ಪದ ಮರೆತುಹೋಗುತ್ತದೆ. ಪದವನ್ನು ಬಾಯಿಪಾಠ ಮಾಡಿಸಿದರೆ ಪರೀಕ್ಷೆ ಮುಗಿಯುವವರೆಗೆ ಅದು ನಿಂತೀತು. ಪದದೊಡನೆ ವಸ್ತುವನ್ನೂ ಮುಂದಿಟ್ಟರೆ ಮಗು ಅದನ್ನು ಆಯುಷ್ಯವಿಡೀ ಮರೆಯದು. ಒಂದು ಬಟ್ಟಲು, ಎರಡು ಬೊಗಸೆ ಕೆಸರು, ದಿನಕ್ಕೊಂದು ತಂಬಿಗೆ ನೀರು: ಇದಕ್ಕೆ ತಗಲುವ ಶ್ರಮ ಇಷ್ಟೇ. ವಾಚಕರು ಮನಸ್ಸು ಮಾಡಲಿ.